ಸೇವಂತಿಗೆಗೆ ಬೇಕಾದ ಕತ್ತಲು

ಬೀದಿದೀಪ ಕೆಟ್ಟಿದೆ ಎಂದು ಏಕಾಂತಪ್ಪ ಹೇಳಿದ ಸುಳ್ಳಿಗೆ ಎರಡು ತಿಂಗಳಾಗುತ್ತ ಬಂದಿತ್ತು. ಸುಳ್ಳೊಂದು ಇಷ್ಟು ದಿನ ಬಾಳಿಕೆ ಬರುತ್ತದೆಂದು ಅವನೂ ಎಣಿಸಿರಲಿಲ್ಲ. ಗೋಪಾಳದ ಆ ಅಡ್ಡರಸ್ತೆಯಲ್ಲಿ, ಅವನ ಕಾಂಪೌಂಡಿಗೆ ಅಂಟಿಕೊಂಡೇ ನಿಂತ ಕಂಬದ ಕೆಳಗೆ, ಅವನ ಸೇವಂತಿಗೆ ಕುಂಡಗಳೆಲ್ಲ ಈಗ ಮೊಗ್ಗು ಹೊತ್ತು ನಿಂತಿದ್ದವು. ಅವುಗಳಲ್ಲಿ ಒಂದು ಇವತ್ತು ಅರಳಿಯೇ ತೀರುತ್ತೇನೆ ಎಂಬ ಹಟದಲ್ಲಿತ್ತು. ಇಬ್ಬನಿ ತಾಗದಿರಲೆಂದು ಆ ಮೊಗ್ಗಿಗೆ ತೊಡಿಸಿದ್ದ ಬಟರ್ ಪೇಪರಿನ ಚೀಲವನ್ನು ಅವನು ಬೆಳಿಗ್ಗೆ ಎದ್ದವನೇ ಕುಕ್ಕರಗಾಲಿನಲ್ಲಿ ಕೂತು ಒಂದಿಷ್ಟು ಎತ್ತಿ ನೋಡಿದ, ಮತ್ತೆ ಇಳಿಸಿದ. ಹಿಂದೆ ಚಪ್ಪಲಿ ಮೆಟ್ಟುವ ಸದ್ದಾಯಿತು. ಹೆಂಡತಿ ಜಗದಾಂಬಾ ಶಾಲೆಗೆ ಹೊರಟಿದ್ದಳು. ಏಳನೇ ಕ್ಲಾಸಿನ ಮಕ್ಕಳಿಗೆ ಪಬ್ಲಿಕ್ ಪರೀಕ್ಷೆ, ಸ್ಪೆಷಲ್ ಕ್ಲಾಸು ಮುಗಿಸಿ ಹೊಳೆಹೊನ್ನೂರಿನಿಂದ ಬಸ್ಸು ಹಿಡಿಯುವಷ್ಟರಲ್ಲಿ ಇವತ್ತು ಕತ್ತಲಾಗುತ್ತದೆ, ಅನ್ನಕ್ಕೊಂದು ಇಟ್ಟುಬಿಡಿ ಎಂದಳು. ಅವನು ತಿರುಗದೆ ಹೂಂಗುಟ್ಟಿದ. ಹೂವು ಅರಳಿತೇ ಎಂದು ಕೇಳಿದಳು. ಇನ್ನೂ ಇಲ್ಲ ಎಂದ. ಚೀಲ ಎತ್ತಿದ್ದರೆ ಮುಕ್ಕಾಲು ಹೂವು ಅವಳಿಗೆ ಆಗಲೇ, ಬೆಳಗಿನ ಬಿಸಿಲಿನಲ್ಲೇ ಕಾಣುತ್ತಿತ್ತು. ಆದರೆ ಮುಕ್ಕಾಲು ತೋರಿಸುವುದಕ್ಕೆ ಅವನು ಇಷ್ಟೆಲ್ಲ ಮಾಡಿರಲಿಲ್ಲ. ಅವಳು ಗೇಟು ಎಳೆದುಕೊಂಡು ಹೋದಳು.

ಭದ್ರಾವತಿಯ ಕ್ವಾರ್ಟರ್ಸಿನಲ್ಲಿದ್ದಷ್ಟು ವರ್ಷವೂ ಮೊದಲ ಹೂವು ಪೂರ್ತಿ ಬಿಚ್ಚಿದ ದಿನ ಅವಳನ್ನು ಕೈಹಿಡಿದು ಎಳೆದುಕೊಂಡು ಬಂದು ತೋರಿಸುತ್ತಿದ್ದ. ಅವಳು ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತ ಬಂದು ನಿಂತು, ತಲೆ ಆ ಕಡೆ ಒಮ್ಮೆ ಈ ಕಡೆ ಒಮ್ಮೆ ವಾಲಿಸಿ ನೋಡಿ, ಹೋದ ವರ್ಷದ್ದಕ್ಕಿಂತ ದೊಡ್ಡದು ಎನ್ನುತ್ತಿದ್ದಳು. ಕೆಲವು ವರ್ಷ ಅದು ದೊಡ್ಡದಾಗಿರುತ್ತಿರಲಿಲ್ಲ. ಆದರೂ ಹಾಗೆನ್ನುತ್ತಿದ್ದಳು, ಅವನು ನಂಬುತ್ತಿದ್ದ. ಕಾರ್ಖಾನೆಯ ಟೈಮ್ ಆಫೀಸಿನಲ್ಲಿ ಅವನು ಹತ್ತಾರು ಗುಮಾಸ್ತರಲ್ಲಿ ಒಬ್ಬ, ಆದರೆ ಕಾಲೋನಿಯ ತೋಟದ ಸ್ಪರ್ಧೆಯ ದಿನ ದೊಡ್ಡ ಸಾಹೇಬರೇ ಅವನ ಗೇಟಿನ ಮುಂದೆ ಜೀಪು ನಿಲ್ಲಿಸುತ್ತಿದ್ದರು. ಪಕ್ಕದ ಮನೆಯ ತಮಿಳಿನ ಅಮ್ಮ ನೆಂಟರಿಗೆ ವಿಳಾಸ ಹೇಳುವಾಗಲೂ ಸೇವಂತಿಗೆ ಏಕಾಂತಪ್ಪನ ಮನೆ ಪಕ್ಕ ಎಂದೇ ಹೇಳುತ್ತಿದ್ದದ್ದು. ಕಾರ್ಖಾನೆಯವರು ಸ್ವಯಂ ನಿವೃತ್ತಿ ಎಂದರು, ಅದರಲ್ಲಿ ಸ್ವಯಂ ಎಷ್ಟಿತ್ತೋ ದೇವರಿಗೇ ಗೊತ್ತು. ಶಿವಮೊಗ್ಗದಲ್ಲಿ ಜಗದಾಂಬಾ ತನ್ನ ಸಂಬಳದಲ್ಲಿ ಸೈಟು ಕೊಂಡು ಮನೆ ಎಬ್ಬಿಸಿದ್ದಳು. ಮಗಳು ಅಕ್ಷರಾ ದಾವಣಗೆರೆಯ ಹಾಸ್ಟೆಲಿನಲ್ಲಿ ಓದುತ್ತಿದ್ದಳು. ಇಲ್ಲಿಗೆ ಬಂದ ಮೇಲೆ ಅವನಿಗೆ ಬೇರೊಂದು ಹೆಸರು ಬಂತು. ಹಾಲಿನವನಿಗೆ, ಪೇಪರಿನವನಿಗೆ, ಎದುರು ಮನೆಯ ಈಶ್ವರಪ್ಪನ ಹೆಂಡತಿ ಪುಷ್ಪಮ್ಮನಿಗೆ, ಎಲ್ಲರಿಗೂ ಅವನು ಮೇಡಂ ಮನೆಯವರು. ಗೇಟಿನ ಕಲ್ಲಿನ ಮೇಲೆ ಜಗದಾಂಬಾ, ಎಂ.ಎ., ಬಿ.ಇಡಿ. ಎಂದಿತ್ತು. ಅವನ ಹೆಸರನ್ನೂ ಕೆತ್ತಿಸೋಣ ಎಂದು ಅವಳು ಹೇಳಿದ್ದು ನಿಜ, ಬೇಡ ಎಂದು ಗತ್ತಿನಿಂದ ಹೇಳಿದವನು ಅವನೇ. ಇನ್ನೊಂದು ಸಲ ಕೇಳುತ್ತಾಳೆ ಎಂದುಕೊಂಡಿದ್ದ. ಅವಳು ಕೇಳಲಿಲ್ಲ.

ದೀಪದ ಕಥೆಯೂ ಅಂಥದ್ದೇ. ಆಷಾಢದ ಒಂದು ಸಂಜೆ ಅವಳು ಬಸ್ಸಿಳಿದು ಬರುವಾಗ ಚರಂಡಿಯ ಅಂಚಿನ ಕಲ್ಲಿಗೆ ಎಡವಿ ಬಿದ್ದು ಮಣಿಕಟ್ಟು ಉಳುಕಿಸಿಕೊಂಡಿದ್ದಳು. ಈ ತಿರುವಿಗೊಂದು ದೀಪ ಬೇಕೇಬೇಕು ಎಂದು ಏಕಾಂತಪ್ಪ ಅರ್ಜಿ ಬರೆದುಕೊಂಡು ನಗರಸಭೆಗೆ ಹೋದ. ಮೊದಲನೇ ಸಲ ಸಾಹೇಬರಿರಲಿಲ್ಲ, ಎರಡನೇ ಸಲ ಇದ್ದರು ಆದರೆ ಊಟಕ್ಕೆ ಹೋಗಿದ್ದರು, ಮೂರನೇ ಸಲ ಅರ್ಜಿಯನ್ನು ಯಾವುದೋ ಕಡತದೊಳಗೆ ತುರುಕಿ, ನೋಡೋಣ ಎಂದರು. ನೋಡುವುದು ಮುಗಿಯಲಿಲ್ಲ. ಅಷ್ಟರಲ್ಲಿ ವಾರ್ಡಿನ ಮೆಂಬರು ಜಗದಾಂಬಾಳ ಹಳೆಯ ವಿದ್ಯಾರ್ಥಿ ಎಂದು ಗೊತ್ತಾಯಿತು. ಅವನು ರಸ್ತೆಯಲ್ಲಿ ಸಿಕ್ಕಿ ಮೇಡಂ ಕೈಗೇನಾಯ್ತು ಎಂದು ಕೇಳಿದ, ಅವಳು ಹೇಳಿದಳು, ಆ ವಾರವೇ ಕಂಬಕ್ಕೆ ಹೊಸ ಸೋಡಿಯಂ ದೀಪ ಬಂತು. ಬೀದಿಯವರೆಲ್ಲ ಅವಳಿಗೆ ಥ್ಯಾಂಕ್ಸ್ ಹೇಳುವಾಗ ಏಕಾಂತಪ್ಪ ಪಕ್ಕದಲ್ಲಿ ಹಲ್ಲು ಕಿರಿದುಕೊಂಡು ನಿಂತಿದ್ದ. ದೀಪಕ್ಕೆ ಕಂಬದಲ್ಲೇ ಒಂದು ಕಬ್ಬಿಣದ ಪೆಟ್ಟಿಗೆ, ಅದರೊಳಗೆ ಸ್ವಿಚ್ಚು. ಇಂಥ ಬಡಾವಣೆಗಳಲ್ಲಿ ಸಂಜೆ ಹಾಕುವುದು, ಬೆಳಿಗ್ಗೆ ಆರಿಸುವುದು ಯಾರಾದರೂ ಒಬ್ಬರ ಪಾಲಿಗೆ ಬರುತ್ತದೆ. ಲೈನ್‌ಮನ್ ಸುತ್ತ ನೋಡಿ, ಯಾರು ನೋಡಿಕೊಳ್ಳುತ್ತೀರಿ ಎಂದು ಕೇಳಿದಾಗ ಈಶ್ವರಪ್ಪ ಒಂದು ಕ್ಷಣವೂ ಯೋಚಿಸದೆ, "ಏಕಾಂತಪ್ಪೋರು ಹೆಂಗೂ ಮನೇಲೇ ಇರ್ತಾರಲ್ಲ" ಎಂದಿದ್ದ. ಈಶ್ವರಪ್ಪನಿಗೆ ನೆಹರೂ ರಸ್ತೆಯಲ್ಲಿ ಹಾರ್ಡ್‌ವೇರ್ ಅಂಗಡಿ. ಮನೆಯಲ್ಲೇ ಇರುವ ಗಂಡಸು ಎಂದರೆ ಅವನ ಪಾಲಿಗೆ ಜಡಿದ ಮೊಳೆ ಇದ್ದ ಹಾಗೆ, ಇದ್ದಲ್ಲೇ ಇರುತ್ತದೆ, ಏನಾದರೂ ತಗುಲಿಹಾಕಬಹುದು. ಅವತ್ತಿನಿಂದ ಈಶ್ವರಪ್ಪನ ಮಗಳು ರಕ್ಷಾ, ಕಾಲೇಜಿಗೆ ಹೋಗುವ ಹುಡುಗಿ, ಸಂಜೆ ಶಟಲ್ ಆಡುವಾಗ ಅವನ ಗೇಟಿನ ಕಡೆ ತಿರುಗಿ, "ಅಂಕಲ್, ಲೈಟು" ಎಂದು ಕೂಗುವುದು ಶುರುವಾಯಿತು.

ಅವನು ಹಾಕುತ್ತಿದ್ದ. ಹಾಕಿ, ಅದೇ ಬೆಳಕಿನಲ್ಲಿ ಗಿಡಗಳ ಕಡೆ ನೋಡುತ್ತಿದ್ದ. ಭದ್ರಾವತಿಯಿಂದ ಗೋಣಿಚೀಲದಲ್ಲಿ ಸುತ್ತಿ ತಂದ, ಬಿಳಿ ಹಳದಿ ಎರಡೂ ಬಣ್ಣದ ಬುಡದ ಕಂದುಗಳನ್ನು ನೆಟ್ಟು, ಎಲೆಗೊಬ್ಬರ ಹಾಕಿ, ಹೊಂಗೆಹಿಂಡಿ ನೆನೆಸಿದ ನೀರು ಹೊಯ್ದು, ಕಾಲಕಾಲಕ್ಕೆ ಕುಡಿ ಚಿವುಟಿ ಬೆಳೆಸಿದ ಗಿಡಗಳು. ಸೊಂಟದೆತ್ತರ ಬೆಳೆದಿದ್ದವು. ಎಲೆ ಎಂದರೆ ಎಲೆ, ಹಸಿರು ಎಂದರೆ ಹಸಿರು. ಗೌರಿಹಬ್ಬ ಹೋಯಿತು, ಪಿತೃಪಕ್ಷ ಬಂತು, ಒಂದು ಗಿಡದ ತುದಿಯಲ್ಲೂ ಮೊಗ್ಗಿನ ಸುಳಿವಿಲ್ಲ. ಗೊಬ್ಬರ ಹೆಚ್ಚಾಯಿತೆಂದು ನಿಲ್ಲಿಸಿದ, ನೀರು ಹೆಚ್ಚಾಯಿತೆಂದು ಒಣಗಿಸಿದ. ತುದಿಗಳನ್ನು ಬೆರಳಿನಿಂದ ಬಿಡಿಸಿ ಬಿಡಿಸಿ ನೋಡಿ ಒಂದೆರಡನ್ನು ಮುರಿದೂ ಹಾಕಿದ. ಮದುವೆಯಾಗಿ ವರ್ಷ ಕಳೆದ ಸೊಸೆಯ ಹೊಟ್ಟೆ ನೋಡುವ ಅತ್ತೆಯ ಹಾಗೆ ಬೆಳಿಗ್ಗೆ ಸಂಜೆ ಬಗ್ಗಿ ನೋಡುತ್ತಿದ್ದವನಿಗೆ ತನ್ನ ಮೇಲೇ ಹೇಸಿಗೆಯಾಗಿ, ಒಂದು ದಿನ ಬಸ್ಸು ಹತ್ತಿ ಭದ್ರಾವತಿಗೆ ಹೋದ. ನರಸಿಂಹಮೂರ್ತಿ ಅವನ ಜೊತೆ ಟೈಮ್ ಆಫೀಸಿನಲ್ಲಿದ್ದವನು, ನ್ಯೂಟೌನಿನ ಕ್ವಾರ್ಟರ್ಸನ್ನು ಲೀಸಿಗೆ ಹಿಡಿದು ಅಲ್ಲೇ ಉಳಿದವನು. ಇಬ್ಬರ ಗಿಡಗಳೂ ಅವೇ ತಾಯಿಗಿಡಗಳ ಕಂದುಗಳು. ನರಸಿಂಹಮೂರ್ತಿಯ ಅಂಗಳದಲ್ಲಿ ಮಂಡಿಯೆತ್ತರದ ಗಿಡಗಳು, ಎಲೆಗೆ ಹೇನು ಹತ್ತಿವೆ, ಕೋಲು ಕೂಡ ನೆಟ್ಟಿಲ್ಲ, ಆದರೆ ತುದಿಯಲ್ಲೆಲ್ಲ ಕಾಳುಮೆಣಸು ಚೆಲ್ಲಿದ ಹಾಗೆ ಮೊಗ್ಗು. ಏಕಾಂತಪ್ಪನಿಗೆ ಅಲ್ಲಿ ಕೂತು ಕಾಫಿ ಕುಡಿಯುವುದೇ ಕಷ್ಟವಾಯಿತು.

ನರಸಿಂಹಮೂರ್ತಿ ಎಲ್ಲ ಕೇಳಿಸಿಕೊಂಡು, ಗೊಬ್ಬರದ ಮಾತೇ ಎತ್ತದೆ, ಮನೆ ಮುಂದೆ ಲೈಟು ಇದೆಯೇನೋ ಎಂದು ಕೇಳಿದ. ಇದೆ ಎಂದ. ರಾತ್ರಿಯಿಡೀ ಉರಿಯುತ್ತದೆಯೋ ಎಂದ. ಉರಿಯುತ್ತದೆ ಎಂದ. ನರಸಿಂಹಮೂರ್ತಿ ತೊಡೆ ತಟ್ಟಿಕೊಂಡು ನಕ್ಕ. "ಮಾರಾಯ, ಸೇವಂತಿಗೆಗೆ ರಾತ್ರಿ ಉದ್ದ ಆದ್ರೇನೇ ಚಳಿಗಾಲ ಬಂತು ಅಂತ ಗೊತ್ತಾಗೋದು. ನೀನು ಅದಕ್ಕೆ ರಾತ್ರೀನೇ ಮಾಡಿಲ್ಲ. ಅದು ಇನ್ನೂ ಬೇಸಿಗೆ ಅಂದ್ಕೊಂಡು ಬೆಳೀತಾ ಕೂತಿದೆ." ಇಲ್ಲಿ ಕ್ವಾರ್ಟರ್ಸಿನ ಬೀದಿಯಲ್ಲಿ ಟ್ಯೂಬ್‌ಲೈಟುಗಳು ಉರಿದದ್ದಕ್ಕಿಂತ ಮಿಣುಕಿದ್ದೇ ಹೆಚ್ಚು, ಅದಕ್ಕೇ ನಮಗೆ ತೋಟದ ಸ್ಪರ್ಧೆಯಲ್ಲಿ ಕಪ್ಪು ಬರುತ್ತಿತ್ತು ಎಂದು ಮತ್ತೆ ನಕ್ಕ. ಆ ನಗು ಏಕಾಂತಪ್ಪನ ಜೊತೆ ಬಸ್ಸಿನಲ್ಲಿ ಶಿವಮೊಗ್ಗದವರೆಗೂ ಬಂತು. ಮೂರ್ತಿ ಹೇಳಿದ್ದು ಎಲ್ಲೋ ಓದಿ ಅವನಿಗೂ ಗೊತ್ತಿತ್ತು, ಗೊತ್ತಿದ್ದೂ ಹೊಳೆದಿರಲಿಲ್ಲ. ಹಾಗಾದರೆ ಶ್ರಾವಣದಿಂದ ಈಚೆಗೆ ಪ್ರತಿ ಸಂಜೆ ತನ್ನ ಕೈಯಾರೆ ಸ್ವಿಚ್ಚು ಒತ್ತಿ ತನ್ನ ಹೂವನ್ನು ತಡೆದವನು ತಾನೇ. ಅವನಿಗೆ ಯಾರ ಮೇಲೆ ಸಿಟ್ಟು ಮಾಡಿಕೊಳ್ಳಬೇಕೆಂದು ತಿಳಿಯದೆ ದೀಪ ಹಾಕಿಸಿದವಳ ಮೇಲೆ ಸಿಟ್ಟು ಬಂತು. ಬಂದಮೇಲೆ ಅದು ಅಲ್ಲೇ ನೆಲೆಯಾಯಿತು.

ಮೊದಲು ಅವನು ಮರ್ಯಾದಸ್ಥನ ದಾರಿಯನ್ನೇ ನೋಡಿದ. ಕುಂಡಗಳನ್ನು ಹಿತ್ತಿಲಿಗೆ ಸಾಗಿಸೋಣವೆಂದರೆ ಹಿತ್ತಿಲೆನ್ನುವುದು ಸೆಪ್ಟಿಕ್ ಟ್ಯಾಂಕಿನ ಮೇಲಿನ ಒಂದು ಓಣಿ, ಅಲ್ಲಿಗೆ ಬಿಸಿಲು ಬರುವುದಿಲ್ಲ. ತಾರಸಿಗೆ ಮೆಟ್ಟಿಲು ಕಟ್ಟಿಸಿರಲಿಲ್ಲ, ಏಣಿಯಲ್ಲಿ ಕುಂಡ ಹೊತ್ತು ಹತ್ತುವ ಸೊಂಟ ಅವನದಾಗಿರಲಿಲ್ಲ. ಬಿದಿರು ಕಟ್ಟಿ, ಅದರ ಮೇಲೆ ಕಂಬಳಿ, ಗೋಣಿಚೀಲ, ಹಳೆಯ ಜಮಖಾನ ಹೊದೆಸಿ ಸಂಜೆ ಮುಚ್ಚಿ ಬೆಳಿಗ್ಗೆ ತೆಗೆಯತೊಡಗಿದ. ಈಶ್ವರಪ್ಪ ಸ್ಕೂಟರು ನಿಲ್ಲಿಸಿ, ಗಿಡಕ್ಕೆ ಚಳಿಯೇ ಎಂದು ವಿಚಾರಿಸಿದ. ರಕ್ಷಾ ಜ್ವರವೇ ಎಂದು ಕೇಳಿದಳು. ಪುಷ್ಪಮ್ಮ ಏನೂ ಕೇಳದೆ ತನ್ನ ಮನೆಯ ಒಂದು ಹಳೆಯ ಕೌದಿಯನ್ನೇ ತಂದುಕೊಟ್ಟಳು, ಅದು ಇನ್ನೂ ಅವಮಾನವಾಯಿತು. ಹೊದಿಕೆಯ ಭಾರಕ್ಕೆ ತುದಿಗಳು ಮುರಿದವು, ಒಂದು ರಾತ್ರಿ ಗಾಳಿಗೆ ಬಿದಿರೇ ಬಿತ್ತು. ಮರುದಿನ ಸಂಜೆ ಅವನು ಜಗದಾಂಬಾ ಮನೆ ಸೇರುವವರೆಗೆ ದೀಪ ಉರಿಸಿ, ಅವಳು ಒಳಗೆ ಹೋದಮೇಲೆ ಆರಿಸಿದ. ಈಶ್ವರಪ್ಪ ಹೊರಗೆ ಬಂದು, ಯಾಕೆ ಆರಿತು ಎಂದು ಕೂಗಿದ. ಆಗ ಅವನ ಬಾಯಿಂದ, ಏನೋ ಫಾಲ್ಟ್ ಇದೆ ಎಂಬ ಮಾತು ತಾನಾಗಿಯೇ ಬಂತು. ಫಾಲ್ಟ್ ಎಂದಮೇಲೆ ಫಾಲ್ಟ್ ಇರಬೇಕಲ್ಲ. ಯಾರಾದರೂ ಸ್ವಿಚ್ಚು ಒತ್ತಿ ನೋಡಿದರೆ ಎಂದು ಹೆದರಿ, ಬೆಳಿಗ್ಗೆ ಪೆಟ್ಟಿಗೆ ತೆರೆದು ಪಿಂಗಾಣಿಯ ಫ್ಯೂಸನ್ನೇ ಕಿತ್ತು ಜೇಬಿಗೆ ಹಾಕಿಕೊಂಡ. ಅವತ್ತು ಸಂಜೆ ಕತ್ತಲು ಅವನ ಅಂಗಳದೊಳಗೆ ಇಳಿದು ಕುಂಡಗಳ ನಡುವೆ ತುಂಬಿಕೊಂಡಾಗ, ಕಳ್ಳನಿಗೆ ಆಗುವಂಥ ಒಂದು ಸಂತೋಷ ಅವನಿಗಾಯಿತು. ಎಷ್ಟೋ ತಿಂಗಳ ಮೇಲೆ ಅವನಿಗೆ ಸ್ವಂತದ್ದೆನ್ನುವುದು ಒಂದು ಸಿಕ್ಕಿತ್ತು.

ಇವತ್ತು ಜಗದಾಂಬಾ ಶಾಲೆಗೆ ಹೋದಮೇಲೆ ಬಿಸಿಲು ಏರಿತು. ಏಕಾಂತಪ್ಪ ಚೀಲ ತೆಗೆದ. ಹೂವು ಬಿಚ್ಚಿತ್ತು. ಒಳಕ್ಕೆ ಬಾಗಿದ ಬಿಳಿಯ ಎಸಳುಗಳು ಒಂದರ ಮೇಲೊಂದು ಕೂತು, ನಡುವಿನಲ್ಲಿ ಮಾತ್ರ ತುಸು ಹಸಿರು ಉಳಿದಿತ್ತು. ಎರಡು ಕೈಯ ಬೊಗಸೆಯಲ್ಲೂ ಹಿಡಿಸದಷ್ಟು ದೊಡ್ಡದು. ಒಂದು ಕೊಂಬೆಗೆ ಒಂದೇ ಮೊಗ್ಗು ಉಳಿಸಿ ಮಿಕ್ಕವನ್ನೆಲ್ಲ ಉಗುರಿನಲ್ಲಿ ಚಿವುಟಿ ತೆಗೆದಿದ್ದ. ಅದನ್ನು ನೋಡಿದ ಪುಷ್ಪಮ್ಮ, ಅಯ್ಯೋ ಎಷ್ಟೊಂದು ಹೂವು ಹಾಳುಮಾಡಿದಿರಿ ಎಂದು ಬಾಯಿಗೆ ಸೆರಗು ಹಿಡಿದಿದ್ದಳು. ಈಗ ಅವಳನ್ನೇ ಕರೆದು ತೋರಿಸಿದ. ಅವಳು ನೋಡಿ, ದೊಡ್ಡದಾಗಿದೆ, ಆದರೆ ಮುಡಿಯಲಿಕ್ಕೂ ಆಗುವುದಿಲ್ಲ ದೇವರಿಗೂ ಭಾರವಾಯಿತು, ಇದನ್ನು ಏನು ಮಾಡುವುದು ಎಂದು ನಿಜವಾಗಿಯೇ ತಿಳಿಯದೆ ಕೇಳಿದಳು. ಅವಳು ಹೋದಮೇಲೆ ಅವನು ನರಸಿಂಹಮೂರ್ತಿಗೆ ಫೋನು ಹಚ್ಚಿದ. ಅವನ ಹೆಂಡತಿ ಎತ್ತಿ, ಇವರು ಪಿ.ಎಫ್. ವಿಚಾರಕ್ಕೆ ಹೊರಗೆ ಹೋಗಿದ್ದಾರೆ, ಏನಾದರೂ ಹೇಳಬೇಕೇ ಎಂದಳು. ಹೂವು ಅರಳಿತು ಎಂದು ಹೇಳಿ ಎನ್ನಲು ನಾಚಿಕೆಯಾಗಿ, ಏನಿಲ್ಲ ಸುಮ್ಮನೆ ಎಂದು ಇಟ್ಟ. ಊಟ ಸೇರಲಿಲ್ಲ. ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಹೂವನ್ನು ನೋಡುತ್ತ ಕೂತರೆ ಹೂವೂ ಅವನನ್ನು ನೋಡುತ್ತ ಕೂತ ಹಾಗಾಯಿತು. ಇದು ಜಗದಾಂಬಾ ನೋಡಿ ಒಂದು ಮಾತು ಆಡಿದಾಗಲೇ ಹೂವಾಗುವುದು, ಅಲ್ಲಿಯವರೆಗೆ ಬರೀ ಗಿಡದ ತುದಿಯಲ್ಲಿ ಬೆಳೆದದ್ದೊಂದು ಏನೋ ಎನ್ನಿಸಿ ಅವನಿಗೆ ರೇಗಿತು. ಮೇಡಂ ಬಂದು ಸಹಿ ಹಾಕಬೇಕು.

ಸಹಿ. ಆ ಎರಡು ತಿಂಗಳಲ್ಲಿ ಅವನು ನಾಲ್ಕಾರು ಸಲವಾದರೂ ದೀಪದ ದೂರು ಕೊಡಲೆಂದು ಇಸ್ತ್ರಿ ಅಂಗಿ ಹಾಕಿಕೊಂಡು ಸಿಟಿಗೆ ಹೋಗಿದ್ದ. ಅದನ್ನೂ ಅವನಿಗೆ ವಹಿಸಿದ್ದು ಈಶ್ವರಪ್ಪನೇ, ಮನೆಯಲ್ಲೇ ಇರುತ್ತೀರಲ್ಲ ಎಂದು. ಏಕಾಂತಪ್ಪ ಬಸ್ಸಿಳಿದು ನಗರಸಭೆಯ ಕಡೆಗೇ ನಡೆದು, ಗಾಂಧಿ ಪಾರ್ಕಿನ ಬಳಿ ಬಂದಾಗ ಒಳಗೆ ತಿರುಗಿ ಕಲ್ಲುಬೆಂಚಿನ ಮೇಲೆ ಕೂರುತ್ತಿದ್ದ. ಎದುರಿಗೆ ಮಾಲಿಗಳು ಚೆಂಡುಹೂವಿನ ಪಾತಿಗೆ ನೀರು ಬಿಡುತ್ತಿರುತ್ತಿದ್ದರು. ಒಂದು ದೂರಿಗೆ ಹಿಡಿಯಬಹುದಾದಷ್ಟು ಹೊತ್ತು ಕಳೆದು ಎದ್ದು ಬಂದು, ಬಲ್ಬು ಸ್ಟಾಕಿಲ್ಲವಂತೆ ಎಂದೋ ಟೆಂಡರ್ ಆಗಬೇಕಂತೆ ಎಂದೋ ಹೇಳುತ್ತಿದ್ದ. ಎಲ್ಲರೂ ನಂಬಿದರು. ನಗರಸಭೆಯ ಬಗ್ಗೆ ಏನು ಹೇಳಿದರೂ ನಂಬುತ್ತಾರೆ, ಅದರಲ್ಲಿ ಅವನ ಜಾಣತನ ಏನೂ ಇರಲಿಲ್ಲ. ದೀಪಾವಳಿಗೆ ಮುಂಚೆ ಒಂದು ಸಂಜೆ ಜಗದಾಂಬಾ ರೊಟ್ಟಿ ತಟ್ಟುತ್ತ, ಬೆನ್ನು ತಿರುಗಿಸಿಕೊಂಡೇ, ಮೆಂಬರಿಗೆ ತಾನು ಒಂದು ಮಾತು ಹೇಳಲೇ ಎಂದು ಕೇಳಿದಳು. ಅವನು ತಟ್ಟೆಯಿಂದ ಕೈ ಎತ್ತಿದ. "ಅದನ್ನೂ ನೀನೇ ಮಾಡ್ಸಿದ್ರೆ ನಾನು ಯಾತಕ್ಕೆ ಇರೋದು ಈ ಮನೇಲಿ?" ತಟ್ಟುವ ಸದ್ದು ಒಂದು ಗಳಿಗೆ ನಿಂತು ಮತ್ತೆ ಶುರುವಾಯಿತು. ಆಮೇಲೆ ಅವಳು ದೀಪದ ಸುದ್ದಿ ಎತ್ತಲಿಲ್ಲ. ಹಾಗೆ ಗದರಿದ್ದು ಸುಳ್ಳನ್ನು ಉಳಿಸಿಕೊಳ್ಳುವುದಕ್ಕೋ ಅಥವಾ ನಿಜವಾದ ನೋವಿಗೋ ಎಂಬುದು ಅವನಿಗೇ ಸ್ಪಷ್ಟವಿರಲಿಲ್ಲ. ಎರಡೂ ಇದ್ದವು, ಅದೇ ತೊಂದರೆ.

ಇನ್ನೊಂದು ವಿಷಯವಿತ್ತು. ಅದರ ಹತ್ತಿರ ಹೋಗದಿರಲು ಅವನು ದಿನವಿಡೀ ಕುಂಡಗಳ ನಡುವೆ ಏನಾದರೊಂದು ಕೆಲಸ ಹುಡುಕಿಕೊಳ್ಳುತ್ತಿದ್ದ. ಕೈ ಉಳುಕಿದಾಗ ಅವಳು ಕಣ್ಣಿನ ಡಾಕ್ಟರ ಹತ್ತಿರವೂ ಹೋಗಿ ಬಂದಿದ್ದಳು. ಆಗ ಅವನು ಕುಂಡಗಳಿಗೆ ತಗಡಿನ ಚೀಟಿ ಕತ್ತರಿಸುತ್ತಿದ್ದ. ಅವಳು ಬಂದು ಎದುರಿನ ಮೆಟ್ಟಿಲ ಮೇಲೆ ಕೂತು, ಕಣ್ಣಿನ ಹಿಂದಿನ ಪೊರೆ ಒಣಗುತ್ತ ಬಂದಿದೆಯಂತೆ, ಅದಕ್ಕೆ ಔಷಧಿ ಇಲ್ಲವಂತೆ, ಬೆಳಕಿದ್ದಾಗ ಏನೂ ಇಲ್ಲ, ಕತ್ತಲಲ್ಲಿ ಸ್ವಲ್ಪ ಕಷ್ಟ, ಶಾಲೆಯಲ್ಲಿ ಯಾರಿಗೂ ಹೇಳುವುದು ಬೇಡ, ಇನ್ನೂ ಸರ್ವೀಸು ಇದೆ ಎಂದು ಪಾಠ ಒಪ್ಪಿಸುವ ಹಾಗೆ ಹೇಳಿದ್ದಳು. ಅವನು ಹೂಂ ಎಂದಿದ್ದ. ಕತ್ತರಿ ಹಿಡಿದ ಕೈ ನಿಂತಿತ್ತೋ ಇಲ್ಲವೋ ನೆನಪಿಲ್ಲ. ಆ "ಸ್ವಲ್ಪ" ಎಂಬ ಮಾತನ್ನೇ ಅವನು ಎರಡು ತಿಂಗಳಿಂದ ಗಟ್ಟಿಯಾಗಿ ಹಿಡಿದುಕೊಂಡಿದ್ದ. ಸ್ವಲ್ಪ ಕಷ್ಟ ಯಾರಿಗಿಲ್ಲ? ಅವನಿಗೆ ಸೊಂಟ, ಈಶ್ವರಪ್ಪನಿಗೆ ಶುಗರು. ಬ್ಯಾಟರಿ ಇಟ್ಟುಕೊಂಡು ಹೋಗುತ್ತಾಳಲ್ಲ. ಸಂಜೆ ಬಂದವಳ ಬಲಗೈ ಅಂಗೈ ಬೆಳ್ಳಗಿರುತ್ತಿತ್ತು, ಸೀರೆಯ ಬಲಗಡೆ ತೊಡೆಯ ಹತ್ತಿರವೂ ಬಿಳಿಯ ಗೀರು. ಚಾಕ್‌ಪೀಸಿನ ಧೂಳು ಎಂದುಕೊಂಡಿದ್ದ. ಎಷ್ಟೋ ದಿನವಾದ ಮೇಲೆ ಒಂದು ಬೆಳಿಗ್ಗೆ ಹಾಲು ತರಲು ಹೋದಾಗ, ತಿರುವಿನಿಂದ ತನ್ನ ಗೇಟಿನವರೆಗೆ ಅಕ್ಕಪಕ್ಕದ ಮನೆಗಳ ಕಾಂಪೌಂಡಿನ ಸುಣ್ಣದ ಮೇಲೆ, ಎದೆಯೆತ್ತರಕ್ಕಿಂತ ತುಸು ಕೆಳಗೆ, ಕೈ ಸವರಿಕೊಂಡು ಹೋದ ಒಂದು ಮಾಸಲು ಗೆರೆ ಕಂಡಿತು. ಮಕ್ಕಳು ಆಡುತ್ತ ಸವರಿರಬೇಕು ಎಂದು ಹಾಲಿನ ಪಾತ್ರೆ ಬೇರೆ ಕೈಗೆ ಬದಲಾಯಿಸಿಕೊಂಡು ಬೇಗಬೇಗ ನಡೆದ. ಅವತ್ತೇ ತುದಿಗಳಲ್ಲಿ ಮೊದಲ ಮೊಗ್ಗು ಕಾಣಿಸಿಕೊಂಡದ್ದು. ಇನ್ನು ಕೆಲವೇ ದಿನ, ಮೊಗ್ಗಿಗೆ ಬಣ್ಣ ಬಂದರೆ ಸಾಕು, ಫ್ಯೂಸು ಹಾಕಿಬಿಡುತ್ತೇನೆ ಎಂದು ಯಾರಿಗೋ ಮಾತು ಕೊಡುವವನಂತೆ ಹೇಳಿಕೊಂಡ. ಮೊಗ್ಗಿಗೆ ಬಣ್ಣ ಬಂತು. ಎಲ್ಲ ಕುಂಡಕ್ಕೂ ಬರಲಿ ಎಂದುಕೊಂಡ.

ಎದುರು ಹೋಗಿ ಕರೆದುಕೊಂಡು ಬರಬಹುದಿತ್ತು. ಬಸ್‌ಸ್ಟಾಪು ಕೂಗಳತೆಯಲ್ಲಿದೆ. ಮೊದಲೊಂದು ದಿನ ಹೋಗಿದ್ದ ಕೂಡ. ಆದರೆ ಅವಳ ತೋಳು ಹಿಡಿದು ಆ ಕತ್ತಲಲ್ಲಿ ನಡೆಸಿಕೊಂಡು ಬರುವಾಗ, ಕತ್ತಲು ಮಾಡಿದವನೇ ಕೈಹಿಡಿದು ನಡೆಸುವ ಈ ಆಟ ಅವನಿಗೆ ತಡೆಯಲಾಗಲಿಲ್ಲ. ಅವಳು ದಾರಿಯುದ್ದಕ್ಕೂ, ನೀವು ಯಾಕೆ ಬರಲು ಹೋದಿರಿ, ಗಿಡಕ್ಕೆ ನೀರು ಬಿಡುವ ಹೊತ್ತು ಎಂದು ಸಂಕೋಚಪಡುತ್ತಿದ್ದಳು. ಮಾರನೆಯ ದಿನ ಅವನು ಹೋಗಲಿಲ್ಲ.

ಡಿಸೆಂಬರಿನ ಹೊತ್ತು ಬೇಗ ಮುಳುಗಿತು. ಅವನು ಅನ್ನಕ್ಕಿಟ್ಟು ಬಂದು ಗೇಟಿನಲ್ಲಿ ನಿಂತ. ಹೂವು ಕತ್ತಲಲ್ಲಿ ಮಸುಕಾಗಿ ಕಾಣುತ್ತಿತ್ತು. ಕೊನೆಗೆ ಚಪ್ಪಲಿಯ ಸದ್ದು ಬಂತು, ನಿಧಾನವಾದ, ಪ್ರತಿ ಹೆಜ್ಜೆಯೂ ಮುಂದೇನಿದೆ ಎಂದು ಕೇಳಿಕೊಂಡು ಇಡುವ ಸದ್ದು. ಗೋಡೆಯ ಮೇಲೆ ಅಂಗೈ ಉಜ್ಜುವುದೂ ಕೇಳಿತು. ಅದನ್ನು ಅವನು ಕೇಳಿಸಿಕೊಳ್ಳದಂತೆ ನಿಂತಿದ್ದ. ಬ್ಯಾಟರಿ ಎಲ್ಲಿ ಎಂದು ಕೇಳಿದ್ದಕ್ಕೆ ಸೆಲ್ಲು ಹೋಗಿದೆ ಎಂದಳು. ಅವನು ಅವಳ ಬ್ಯಾಗು ತೆಗೆದುಕೊಂಡು, ಭದ್ರಾವತಿಯ ದಿನಗಳ ಹಾಗೆ ಮುಂಗೈ ಹಿಡಿದು ಕುಂಡದ ಮುಂದೆ ತಂದು ನಿಲ್ಲಿಸಿದ.

"ನೋಡು" ಎಂದ.

ಅವಳು ತಲೆಯನ್ನು ಆ ಕಡೆ ಒಮ್ಮೆ ಈ ಕಡೆ ಒಮ್ಮೆ ವಾಲಿಸಿದಳು. ಹಳೆಯ ಅಭ್ಯಾಸ ಎಂದು ಅವನು ಖುಷಿಪಟ್ಟ. ಆದರೆ ಅವಳು ಹೂವಿನ ಕಡೆ ನೋಡುತ್ತಿರಲಿಲ್ಲ, ಹೂವಿಗಿಂತ ಒಂದು ಮೊಳ ಪಕ್ಕಕ್ಕೆ ನೋಡುತ್ತಿದ್ದಳು. ಆಮೇಲೆ ಮೆಲ್ಲಗೆ, ತಪ್ಪು ಮಾಡಿದವಳ ಹಾಗೆ, "ಈಗ ಕಾಣಲ್ಲ ರೀ ನಂಗೆ. ಬೆಳಿಗ್ಗೆ ನೋಡ್ತೀನಿ" ಎಂದಳು.

ಎದುರಿಗೇ ಇದೆಯಲ್ಲ ಎಂದು ಅವನು ಗದರಿದ. ಅವಳು ಬೇಗ ಕೈ ಚಾಚಿದಳು, ಅವನಿಗೆ ಬೇಸರವಾಗಬಾರದೆಂಬ ಆತುರದಲ್ಲಿ. ಕೈ ಮೊದಲು ಊರುಗೋಲಿಗೆ ತಾಗಿತು, ಅಲ್ಲಿಂದ ಎಲೆಗೆ, ಅಲ್ಲಿಂದ ತಡವರಿಸಿಕೊಂಡು ಹೂವಿಗೆ. ಬೆರಳುಗಳು ಅಂಚಿನ ಎಸಳುಗಳನ್ನು ಒಂದೊಂದಾಗಿ ಮುಟ್ಟುತ್ತ ಸುತ್ತು ಬಂದವು. "ಅಬ್ಬಾ, ಎಷ್ಟು ದೊಡ್ಡದು ಮಾಡಿದೀರಿ" ಎಂದಳು. ತುಸು ತಡೆದು, "ಬಣ್ಣ ಯಾವುದು?" ಎಂದು ಕೇಳಿದಳು.

ಏಕಾಂತಪ್ಪ ಬ್ಯಾಗನ್ನು ಕೆಳಗಿಟ್ಟ. ಗೇಟು ತೆರೆದು ಕಂಬದ ಹತ್ತಿರ ಹೋಗಿ, ಪೆಟ್ಟಿಗೆಯ ಬಾಗಿಲಿಗೆ ಸುತ್ತಿದ್ದ ತಂತಿ ಬಿಚ್ಚಿ, ಜೇಬಿನಿಂದ ಫ್ಯೂಸು ತೆಗೆದು ಒತ್ತಿ ಕೂರಿಸಿ ಸ್ವಿಚ್ಚು ಹಾಕಿದ. ಯೋಚಿಸಿ ಮಾಡಿದ್ದಲ್ಲ, ಯೋಚಿಸಿದ್ದರೆ ಮಾಡುತ್ತಿರಲಿಲ್ಲವೇನೋ. ದೀಪ ಮೊದಲು ಕೆಂಪಗೆ ಕಣ್ಣು ಬಿಟ್ಟು, ಗುಂಯ್ ಎಂದು, ನಿಧಾನವಾಗಿ ಅರಿಸಿನದ ಬಣ್ಣಕ್ಕೆ ತಿರುಗಿ ಬೀದಿಯನ್ನೆಲ್ಲ ತುಂಬಿತು. ಎದುರು ಮನೆಯ ಬಾಗಿಲು ತೆರೆದು ರಕ್ಷಾ ಹೋ ಎಂದಳು. ಅವಳ ಹಿಂದೆ ಟವೆಲು ಹೆಗಲಿಗೆ ಹಾಕಿಕೊಂಡು ಈಶ್ವರಪ್ಪ ಬಂದ. ಏಕಾಂತಪ್ಪ ಪೆಟ್ಟಿಗೆಯ ಮೇಲೆ ಕೈ ಇಟ್ಟುಕೊಂಡೇ ನಿಂತಿದ್ದ. ಇವರು ಈಗ ಕೇಳುತ್ತಾರೆ, ಎಲ್ಲ ಮುಗಿಯಿತು, ಮುಗಿಯಲಿ ಎಂದು ಅವನಿಗೆ ಒಂದು ಬಗೆಯ ನಿರಾಳವೂ ಆಗತೊಡಗಿತ್ತು. ಆದರೆ ಈಶ್ವರಪ್ಪ ದೀಪವನ್ನು ನೋಡಿ, ಅವನನ್ನು ನೋಡಿ, ಅಂತೂ ನಿಮ್ಮ ದೂರಿಗೆ ಬೆಲೆ ಬಂತಲ್ಲ ಏಕಾಂತಪ್ಪೋರೆ, ನಾವಾಗಿದ್ದರೆ ಎಂದೋ ಕೈಬಿಡುತ್ತಿದ್ದೆವು ಎಂದ. ಗೇಟಿನೊಳಗಿನಿಂದ ಜಗದಾಂಬಾಳ ದನಿ ಕೇಳಿತು, ಶಾಲೆಯ ದನಿ, ಸ್ಪಷ್ಟವಾಗಿ.

"ಹೌದು ಅಣ್ಣ. ಎರಡು ತಿಂಗಳಿಂದ ಇವರು ಓಡಾಡಿದ್ದೇ ಓಡಾಡಿದ್ದು."

ಈಶ್ವರಪ್ಪ ಇನ್ನೇನೋ ಹೊಗಳಿ ಒಳಗೆ ಹೋದ. ಏಕಾಂತಪ್ಪ ಕಾಂಪೌಂಡಿನೊಳಗೆ ಬಂದ. ಅವಳು ಹೂವಿನ ಮುಂದೆ ಬಗ್ಗಿ ನಿಂತಿದ್ದಳು. ಆ ದೀಪದಲ್ಲಿ ಬಿಳಿಯ ಹೂವು ಅಪ್ಪಟ ಹಳದಿಯಾಗಿತ್ತು. ಅವಳ ಸೀರೆ, ಕೈ, ನೆಲದ ಮಣ್ಣು, ಎಲ್ಲವೂ ಅದೇ ಹಳದಿ. "ಹಳದಿ" ಎಂದಳು, ಮುಖವೆಲ್ಲ ಅರಳಿತ್ತು. "ಯಾವ ವರ್ಷಾನೂ ಇಷ್ಟು ದೊಡ್ಡದು ಬಂದಿರ್ಲಿಲ್ಲ." ಎರಡು ತಿಂಗಳಿಂದ ಅವನು ಕೇಳಬೇಕೆಂದಿದ್ದ ಮಾತು ಅದೇ. ಅವನು ಬಿಳಿ ಎನ್ನಲಿಲ್ಲ, ಹಳದಿ ಎಂದೂ ಎನ್ನಲಿಲ್ಲ. ಕೆಟ್ಟ ದೀಪವನ್ನು ತಾನೇ ಹೋಗಿ ಹತ್ತಿಸಿ ಬಂದದ್ದಕ್ಕೆ ಅವಳಿಗೆ ಆಶ್ಚರ್ಯವೇ ಆಗಿರಲಿಲ್ಲ. ಮೂರ್ತಿ ಹೇಳಿಬಿಟ್ಟಿದ್ದನೋ, ಪೆಟ್ಟಿಗೆಯ ಸದ್ದು ಕೇಳಿತೋ, ಇವಳಿಗೆ ಹೇಗೆ ಗೊತ್ತು ಎಂದು ಒಳಗೆ ಕುದಿಯುತ್ತಿದ್ದವನು ಕೊನೆಗೆ, ಈಶ್ವರಪ್ಪನಿಗೆ ಯಾಕೆ ಹಾಗೆ ಹೇಳಿದೆ ಎಂದು ಕೇಳಿದ.

ಅವಳು ನೆಲದಿಂದ ಬ್ಯಾಗು ಎತ್ತಿಕೊಂಡಳು. ಅವನ ಮುಖ ನೋಡದೆ, ಮನೆಯ ಸಾಮಾನಿನ ವಿಷಯ ಮಾತಾಡುವ ಹಾಗೆ ಹೇಳಿದಳು. "ಫ್ಯೂಸು ದೀಪಾವಳಿಗೆ ಮುಂಚೇನೇ ಸಿಕ್ಕಿತ್ತು, ಶರ್ಟು ಒಗೆಯೋವಾಗ. ಒರೆಸಿ ನಿಮ್ಮ ಇಸ್ತ್ರಿ ಶರ್ಟಿನ ಜೇಬಿಗೆ ಹಾಕಿಟ್ಟಿದ್ದೆ. ಉಳಿದ ಮೊಗ್ಗು ಅರಳೋವರ್ಗೂ ಆರಿಸಿಡಿ ಬೇಕಾದ್ರೆ. ನಂಗೆ ಗೋಡೆ ಅಭ್ಯಾಸ ಆಗಿದೆ."

ಅವಳು ಒಳಗೆ ಹೋಗಿ ಅನ್ನದ ಪಾತ್ರೆಯ ಮುಚ್ಚಳ ತೆಗೆದು ನೋಡಿದ ಸದ್ದಾಯಿತು. ಏಕಾಂತಪ್ಪನಿಗೆ ನಾಚಿಕೆ ಬರಬೇಕಿತ್ತು, ಅದು ಬರುತ್ತಿದೆ ಎಂದೂ ಗೊತ್ತಿತ್ತು, ಆದರೆ ಮೊದಲು ಬಂದದ್ದು ಸಿಟ್ಟು. ತಾನು ಕದ್ದದ್ದು ಎಂದುಕೊಂಡಿದ್ದ ಕತ್ತಲೂ ಅವಳು ಕೊಟ್ಟದ್ದಾಗಿತ್ತು. ಈ ಮನೆಯಲ್ಲಿ ಒಂದು ಪಾಪವಾದರೂ ಅವನ ಸ್ವಂತದ್ದಾಗಿ ಉಳಿದಿರಲಿಲ್ಲ. ಅವನು ಕುಂಡಗಳ ನಡುವೆ, ಆ ಹಳದಿ ಬೆಳಕಿನಲ್ಲಿ, ಕೈಗಳನ್ನು ಎಲ್ಲಿಟ್ಟುಕೊಳ್ಳಬೇಕೆಂದು ತಿಳಿಯದೆ ನಿಂತಿದ್ದ. ಒಳಗಿನಿಂದ ಅವಳು, ಅನ್ನ ಹದವಾಗಿದೆ, ಬನ್ನಿ ಎಂದು ಕರೆದಳು.